ಸಾರದೇ ಉಳಿದ ಕಟ್ಟಳೆ

"ಕಾಲು ಇತ್ತ ಕೊಡು ಮಾವ," ಎನ್ನುತ್ತ ತೆಸ್ಸಾ ಅಂಗಳದ ಕಲ್ಲುಹಾಸಿನ ಮೇಲೆ ಮಂಡಿಯೂರಿ, ಮೇಯೊನ ಎಡಗಾಲನ್ನು ತನ್ನ ತೊಡೆಯ ಮೇಲಕ್ಕೆ ಎಳೆದುಕೊಂಡಳು. ಜೋಡಿನ ತೊಗಲಿನ ಲಾಡಿ ಎರಡು ದಿನದಿಂದ ಯಾರೂ ಕಟ್ಟದೆ ಕೆಸರು ಮೆತ್ತಿ ಕಡ್ಡಿಯಾಗಿತ್ತು.

"ಬಿಡೇ, ಚಟ್ಟ ಎತ್ತೋ ಹೊತ್ತಲ್ಲಿ ನಿಂಗ್ಯಾಕೆ ಈ ಕೆಲಸ," ಎಂದ ಮೇಯೊ. ಆದರೆ ಕಾಲನ್ನು ಹಿಂದಕ್ಕೆ ತೆಗೆಯಲಿಲ್ಲ.

"ಎಡವಿ ಬಿದ್ದು ನೀನೂ ಅಪ್ಪನ ಹಿಂದೇನೇ ಹೋಗ್ತೀಯ. ಸುಮ್ನಿರು."

"ಬಿಗಿಯಾಗಿ ಕಟ್ಬೇಡ. ನಿಮ್ಮಪ್ಪ ಒಂದು ಬೆರಳಷ್ಟು ಸಡಿಲ ಬಿಡ್ತಿದ್ದ."

ಮೇಯೊನ ಬಲಗೈ ಮಣಿಕಟ್ಟಿಗೇ ಮುಗಿದುಹೋಗಿತ್ತು. ಅದಕ್ಕೊಂದು ತೊಗಲಿನ ಕುಲಾವಿ ಹಾಕಿಕೊಂಡಿರುತ್ತಿದ್ದ. ಹತ್ತೊಂಬತ್ತು ವರ್ಷದಿಂದ ದಿನಾ ಬೆಳಿಗ್ಗೆ ಅವನು ಎರಡು ಓಣಿ ದಾಟಿ ಈ ಅಂಗಳಕ್ಕೆ ಬರುವುದು, ತೆಸ್ಸಾಳ ಅಪ್ಪ ಬಿಂದೊ ಈ ಕಲ್ಲಿನ ಮೇಲೆ ಕೂತು ಅವನ ಕಾಲನ್ನು ಮಂಡಿಯ ಮೇಲಿಟ್ಟುಕೊಂಡು ಲಾಡಿ ಕಟ್ಟುವುದು, ಕಟ್ಟುತ್ತ ಕಟ್ಟುತ್ತ ಬಯ್ಯುವುದು, ಆಮೇಲೆ ಇಬ್ಬರೂ ಒಂದೇ ರೊಟ್ಟಿ ಮುರಿದು ತಿಂದು ಹೊರಡುವುದು. ಬಿಂದೊ ಕಾಸ್ತೆಲ್ವೆಂತೊ ಊರಿನ ಸಾರುವವನು. ಹೊಸ ಕಟ್ಟಳೆ, ದಂಡನೆ, ಕಳೆದುಹೋದ ಕತ್ತೆ, ಸತ್ತವರ ಹೆಸರು, ಎಲ್ಲವನ್ನೂ ಕಹಳೆಯೂದಿ ಕೂಗಿ ಹೇಳುವವನು. ಆಡು ಮುಟ್ಟದ ಸೊಪ್ಪಿಲ್ಲ, ಬಿಂದೊ ಕೂಗದ ಸುದ್ದಿಯಿಲ್ಲ ಎಂದು ಊರವರು ನಗುತ್ತಿದ್ದರು. ಮೇಯೊ ಅವನ ಹಿಂದೆ ಕಹಳೆ ಹೊತ್ತು ನಡೆಯುತ್ತಿದ್ದ. ಕೈ ಹೋಗುವ ಮುಂಚೆ ಮೇಯೊ ಕಲ್ಲುಕುಟಿಗನಾಗಿದ್ದ.

"ಮಗು ಸಾಕಿದ ಹಾಗೆ ಸಾಕಿದ ನಿನ್ನ," ಎಂದು ಬಾಗಿಲಲ್ಲಿ ನಿಂತ ಪಕ್ಕದ ಮನೆಯ ಲಾಪಾ ಅಜ್ಜಿ ಕಣ್ಣೊರೆಸಿಕೊಂಡಳು. "ಕಟ್ಟಿಕೊಂಡ ಹೆಂಡ್ತಿಗೆ ಒಂದಿನ ಬಾವೀಲಿ ನೀರು ಸೇದಿ ಕೊಟ್ಟೋನಲ್ಲ. ನಿನ್ನ ಕಾಲಿಗೆ ಮಾತ್ರ ದಿನಾ ಬಗ್ಗಿದ. ಸಂತ ಕಣೋ ಅವನು."

"ಸಂತ ಗಿಂತ ಅಂದ್ರೆ ಎದ್ದು ಬಂದು ಬೈತಾನೆ, ಸುಮ್ನಿರಜ್ಜಿ." ಮೇಯೊ ನಗಲು ಹೋದ. ಬಾಯಿ ಒಂದು ಕಡೆಗೆ ಸೊಟ್ಟಗಾಯಿತೇ ಹೊರತು ನಗು ಬರಲಿಲ್ಲ.

ಇವತ್ತು ಕಹಳೆಯೂ ಅವನದೇ, ದನಿಯೂ ಅವನದೇ. ಹೊಸ ಸಾರುವವನನ್ನು ಪುರಸಭೆ ಇನ್ನೂ ನೇಮಿಸಿರಲಿಲ್ಲ. ಬಿಂದೊನ ಹಿಂದೆ ನಡೆದೂ ನಡೆದೂ ಎಲ್ಲ ಕೂಗು ಬಾಯಿಪಾಠವಾಗಿರುವವನು ನೀನೇ ತಾನೆ, ಇದೊಂದು ದಿನ ನೀನೇ ಕೂಗು ಎಂದಿದ್ದರು. ಆ ಊರಿನಲ್ಲಿ ಹೆಣ ಸುಮ್ಮನೆ ಮಣ್ಣಿಗೆ ಹೋಗುವುದಿಲ್ಲ. ಕಟ್ಟಳೆ ಸಾರುವ ನಾಲ್ಕು ಜಾಗದಲ್ಲೂ ಚಟ್ಟ ಇಳಿಸಬೇಕು. "ಇವನಿಂದ ಕೇಡುಂಡವರು ಯಾರಾದರೂ ಇದ್ದೀರಾ?" ಎಂದು ಸಾರುವವನು ಮೂರು ಸಲ ಕೇಳಬೇಕು. ಯಾರೂ ಉತ್ತರ ಕೊಡದಿದ್ದರೆ "ಯಾರೂ ಇಲ್ಲ" ಎಂದು ಕೂಗಿ ಚಟ್ಟ ಎತ್ತಿಸಬೇಕು. ಯಾರಾದರೂ "ನಾನು" ಎಂದುಬಿಟ್ಟರೆ, ಆ ಮನುಷ್ಯ ತಾನಾಗಿ "ಎತ್ತಿ" ಅನ್ನುವ ತನಕ ಚಟ್ಟ ಕದಲುವಂತಿಲ್ಲ. ಸೂರ್ಯ ಮುಳುಗುವುದರೊಳಗೆ ಅವನು ಅನ್ನದಿದ್ದರೆ ಹೆಣಕ್ಕೆ ಚರ್ಚಿನ ಮಣ್ಣಿಲ್ಲ. ಗೋಡೆಯಾಚೆ, ಸುಣ್ಣದ ಗೂಡಿನ ಪಕ್ಕ, ನೇಣಿಗೆ ಹೋದವರ ಜೊತೆ. ಹೀಗೆ ಯಾರೋ "ನಾನು" ಎಂದು ಕೂಗಿ ಎಂಟು ವರ್ಷವಾಗಿತ್ತು. ಆಗ ಕೂಗಿದ್ದು ಒಬ್ಬ ಕಟುಕನ ಹೆಂಡತಿ, ಒಂದು ಹಂದಿಯ ವಿಷಯಕ್ಕೆ. ಊರೆಲ್ಲ ನಕ್ಕು, ಅವಳೂ ನಕ್ಕು, "ಎತ್ತಿ" ಅಂದಿದ್ದಳು.

ಎಡಗಾಲಿನದು ಮುಗಿಸಿ ತೆಸ್ಸಾ ಬಲಗಾಲಿಗೆ ಕೈ ಹಾಕುವಷ್ಟರಲ್ಲಿ ಫ್ರಾ ಆಂಬ್ರೋಜೊ ಒಳಗೆ ಬಂದರು. ಸಾನ್ ದೊಮೆನಿಕೊ ಮಠದ ಪಾಠಶಾಲೆಯಲ್ಲಿ ನಲವತ್ತು ವರ್ಷ ತತ್ವಶಾಸ್ತ್ರ ಹೇಳಿಕೊಟ್ಟ ಸನ್ಯಾಸಿ. ಎಪ್ಪತ್ತು ದಾಟಿದ ಮೇಲೆ ಕಣ್ಣು ಮಂಜಾಗಿ ಗೋಡೆ ಹಿಡಿದು ನಡೆಯುತ್ತಿದ್ದರು.

"ತೆಸ್ಸಾ, ಸ್ವಲ್ಪ ಇತ್ತ ಬಾ ಮಗಳೇ. ಒಬ್ಳೇ ಬಾ."

ದ್ರಾಕ್ಷಾರಸದ ಪೀಪಾಯಿ ಇಟ್ಟಿದ್ದ ಕತ್ತಲೆ ಕೋಣೆಯಲ್ಲಿ ಅವರು ಜೇಬಿನಿಂದ ಮಡಿಸಿದ ಒಂದು ಹಾಳೆ ತೆಗೆದರು. "ಸಾಯೋಕೆ ಮೂರು ದಿನ ಮುಂಚೆ ನಿಮ್ಮಪ್ಪ ಬರೆಸಿದ್ದು. ಪಾಪನಿವೇದನೆಯಲ್ಲಿ ಹೇಳಿದ್ದಾಗಿದ್ರೆ ನನ್ನ ಬಾಯಿಗೆ ಬೀಗ. ಆದ್ರೆ ಇದು ಅದರ ಹೊರಗೆ ಹೇಳಿದ್ದು, ಬರ್ಕೊಳ್ಳಿ ಅಂತಲೇ ಹೇಳಿದ್ದು. ಕೂತ್ಕೋ."

"ನಿಂತೇ ಇರ್ತೀನಿ ಸ್ವಾಮಿ. ಓದಿ."

ಅವರು ಹಾಳೆಯನ್ನು ಮೂಗಿನ ಹತ್ತಿರ ಹಿಡಿದು ಓದಿದರು. "'ನಾನು ಬಿಂದೊ, ಈ ಊರಿನ ಸಾರುವವನು. ಹತ್ತೊಂಬತ್ತು ವರ್ಷದ ಹಿಂದೆ ದ್ರಾಕ್ಷಿ ಕೊಯ್ಲಿನ ಕಾಲದಲ್ಲಿ ನನ್ನ ಕೈಗೆ ಒಂದು ಕಟ್ಟಳೆ ಕೊಟ್ಟರು. ಗಡೀಪಾರಾದವರ ಹೆಂಡಿರು ಮಕ್ಕಳಿಗೆ ರೊಟ್ಟಿಯನ್ನಾಗಲಿ ಬೆಂಕಿಯನ್ನಾಗಲಿ ಸೂರನ್ನಾಗಲಿ ಕೊಟ್ಟವರ ಬಲಗೈ ಕಡಿಯತಕ್ಕದ್ದು ಎಂದು ಅದರಲ್ಲಿತ್ತು. ನಾನು ಅದನ್ನು ಸಾರಲಿಲ್ಲ. ಸಾರಿದೆ ಎಂದು ಬರೆಸಿದೆ. ಮೇಯೊನನ್ನು ಹಿಡಿದು ತಂದಾಗ, ಸಾರಿದ್ದು ನಿಜ ಎಂದು ಸುವಾರ್ತೆಯ ಗ್ರಂಥ ಮುಟ್ಟಿ ಆಣೆ ಇಟ್ಟೆ. ಮೇಯೊ ಕಟ್ಟಳೆ ಮುರಿಯಲಿಲ್ಲ. ಅವನಿಗೆ ಅದು ಗೊತ್ತೇ ಇರಲಿಲ್ಲ. ನನ್ನನ್ನು ಮಣ್ಣಿಗಿಡುವ ಮುಂಚೆ, ಅಂದು ಸಾರದ್ದನ್ನೂ ನಾನು ಮಾಡಿದ್ದನ್ನೂ ಸಾರಬೇಕು.'"

ತೆಸ್ಸಾ ಪೀಪಾಯಿಯ ಬಿರಡೆಯನ್ನೇ ನೋಡುತ್ತ ನಿಂತಿದ್ದಳು. ಅದರಿಂದ ಒಂದು ಹನಿ ಇಳಿಯುವುದರಲ್ಲಿತ್ತು. ಅದು ಬೀಳುವ ತನಕ ಅವಳಿಗೆ ಉಸಿರಾಡಬೇಕೆನಿಸಲಿಲ್ಲ.

"ಯಾವ ಮೇಯೊ?" ಎಂದಳು.

"ಊರಲ್ಲಿ ಕೈಯಿಲ್ಲದ ಮೇಯೊ ಎಷ್ಟು ಜನ ಇದಾರೆ ಮಗಳೇ?"

"ಇನ್ನೊಂದು ಸಲ ಓದಿ."

ಅವರು ಇನ್ನೊಂದು ಸಲ ಓದಿದರು. ಅವಳು ಮೆಲ್ಲಗೆ ಗೋಡೆಗೊರಗಿ ನೆಲಕ್ಕೆ ಕೂತಳು. ಹೊರಗೆ ಅಂಗಳದಲ್ಲಿ ಮೇಯೊ ಯಾರಿಗೋ, "ಮೇಣದ ಬತ್ತಿ ಹನ್ನೆರಡು ಸಾಕು, ಅವನಿಗೆ ದುಂದು ಆಗ್ತಿರ್ಲಿಲ್ಲ," ಎನ್ನುತ್ತಿದ್ದುದು ಕೇಳಿಸುತ್ತಿತ್ತು.

"ಇದನ್ನ ಸಾರಿದ್ರೆ ಅವನು 'ನಾನು' ಅಂತಾನೆ," ಎಂದಳು. "ಅಪ್ಪನ್ನ ಗೋಡೆ ಆಚೆ ಹಾಕ್ತಾರೆ."

"ಹೂಂ. ಹಾಗೂ ಆಗಬಹುದು."

"ಸಾರದೇ ಇದ್ರೆ?"

"ಬಿಂದೊ ಅದನ್ನ ನನಗೆ ಹೇಳಲಿಲ್ಲ. ತೆಸ್ಸಾಗೆ ಬಿಟ್ಟಿದ್ದು ಅಂದ." ಮುದುಕರು ಹಾಳೆಯನ್ನು ಅವಳ ಕೈಯಲ್ಲಿಟ್ಟರು. "ಇದರಲ್ಲಿ ನನ್ನ ಪಾಲೂ ಇದೆ ಮಗಳೇ. ಅದನ್ನ ಬರೆಸೋಕೆ ಅವನು ಒಪ್ಪಲಿಲ್ಲ."

\*

ಆ ಪಾಲು ಏನೆಂಬುದು ತೆಸ್ಸಾಗೆ ಅವ್ವ ಬದುಕಿದ್ದಾಗ ಹೇಳಿದ ಒಂದು ತಮಾಷೆಯ ಕತೆಯಾಗಿ ಗೊತ್ತಿತ್ತು.

ಬಿಂದೊಗೆ ಓದು ಬರುತ್ತಿರಲಿಲ್ಲ. ಕಟ್ಟಳೆಯನ್ನು ಪುರಸಭೆಯ ಬರಹಗಾರ ಎರಡು ಸಲ ಓದಿ ಹೇಳಿದರೆ ಸಾಕು, ಅಕ್ಷರ ತಪ್ಪದಂತೆ ಕೂಗುತ್ತಿದ್ದ. ಕಿವಿ ಅಷ್ಟು ಚುರುಕು. ಮಠದ ಪಾಠಶಾಲೆಯ ಕಿಟಕಿ ಬಾವಿಕಟ್ಟೆಯ ಕಡೆಗಿತ್ತು. ಬೇಸಿಗೆಯಲ್ಲಿ ಅದನ್ನು ತೆರೆದಿಡುತ್ತಿದ್ದರು. ಬಿಂದೊ ನೀರು ಕುಡಿಯುವ ನೆಪದಲ್ಲಿ ಅಲ್ಲಿ ಕೂತು ಕಿವಿಗೊಡುತ್ತಿದ್ದ. ಒಳಗೆ ಫ್ರಾ ಆಂಬ್ರೋಜೊ ಎಳೆಯ ಸನ್ಯಾಸಿಗಳಿಗೆ ಪಾಠ ಹೇಳುತ್ತಿದ್ದರು. ಒಂದು ದಿನ ಅವರು ಕಟ್ಟಳೆ ಎಂದರೇನು ಎಂದು ಕೇಳಿದರು.

"ಮಂಚಕ್ಕೆ ಎಷ್ಟು ಕಾಲು?" ಎಂದರು ಆಂಬ್ರೋಜೊ. "ನಾಲ್ಕು. ಕಟ್ಟಳೆಗೂ ನಾಲ್ಕೇ. ಒಂದು, ಅದು ಬುದ್ಧಿಗೆ ಒಪ್ಪಬೇಕು, ಆಳುವವನ ಹುಚ್ಚಿಗಲ್ಲ. ಎರಡು, ಎಲ್ಲರ ಒಳಿತಿಗಿರಬೇಕು, ಒಬ್ಬನ ಹೊಟ್ಟೆಗಲ್ಲ. ಮೂರು, ಜನರ ಹೊಣೆ ಹೊತ್ತವನು ಮಾಡಿರಬೇಕು. ನಾಲ್ಕು, ಯಾರು ಅದಕ್ಕೆ ತಲೆಬಾಗಬೇಕೋ ಅವರೆಲ್ಲರ ಕಿವಿಗೆ ಬಿದ್ದಿರಬೇಕು. ಸಾರದ ಕಟ್ಟಳೆ ಕಟ್ಟಳೆಯೇ ಅಲ್ಲ. ಪೋಪ್ ಮಾಡಲಿ, ಚಕ್ರವರ್ತಿ ಮಾಡಲಿ. ಇದನ್ನ ನಾನು ಹೇಳ್ತಿಲ್ಲ, ನಮ್ಮ ಗುರುಗಳ ಗುರು ಬರೆದಿಟ್ಟಿದ್ದು."

ಬಿಂದೊ ನೀರು ಕುಡಿಯುವುದನ್ನೂ ಮರೆತು ಮನೆಗೆ ಓಡಿದನಂತೆ. ಹೆಂಡತಿ ಬೀನ್ಸ್ ಬೇಯಿಸುತ್ತಿದ್ದಳು.

"ಏಯ್, ಕೇಳಿದ್ಯಾ? ಕಟ್ಟಳೆಗೆ ನಾಲ್ಕನೇ ಕಾಲು ನಾನೇ ಕಣೇ!"

"ಮೊದ್ಲು ಈ ಮಣೆಗೆ ಮೂರನೇ ಕಾಲು ಹಾಕಿಕೊಡಿ, ಆಮೇಲೆ ಕಟ್ಟಳೆ ನೋಡ್ಕೊಳ್ಳುವಿರಂತೆ," ಎಂದಳಂತೆ ಅವಳು.

ಅಂದಿನಿಂದ ಅವನ ನಡಿಗೆಯೇ ಬದಲಾಯಿತು ಎಂದು ಅವ್ವ ನಗುತ್ತಿದ್ದಳು. ಕಹಳೆಯನ್ನು ಕತ್ತೆಯ ಕೊರಳಿನ ಗಂಟೆಯಂತೆ ಹಿಡಿಯುತ್ತಿದ್ದವನು ಬಿಷಪ್ಪನ ದಂಡದಂತೆ ಹಿಡಿಯತೊಡಗಿದ. ನಾಲಿಗೆ ಒಳ್ಳೆಯದಾದರೆ ನಾಡೆಲ್ಲ ಒಳ್ಳೆಯದು ಎಂದು ಕಂಡವರಿಗೆಲ್ಲ ಹೇಳುತ್ತಿದ್ದ. ತೆಸ್ಸಾ ಆ ಕತೆಗೆ ಎಷ್ಟೋ ಸಲ ನಕ್ಕಿದ್ದಳು. ಆ ಕತೆ ಅಲ್ಲಿಗೆ ಮುಗಿಯಿತು ಎಂದೇ ಅವಳು ತಿಳಿದಿದ್ದಳು.

\*

ಚಟ್ಟ ಎತ್ತಿದರು. ಬಿಂದೊಗೆ ಮಠದವರ ಹಳೆಯ ಬಿಳಿ ನಿಲುವಂಗಿ ತೊಡಿಸಿ, ಎದೆಯ ಮೇಲೆ ಜೋಡಿಸಿದ ಕೈಗೆ ಜಪಮಣಿ ಸುತ್ತಿದ್ದರು. ಮುಖ ಮುಚ್ಚಿರಲಿಲ್ಲ. ತೆಸ್ಸಾ ಅವನ ಮುಖ ನೋಡಲು ಹೋಗಿ, ಆಗದೆ, ಆ ಬೆರಳುಗಳನ್ನು ನೋಡಿದಳು. ಲಾಡಿ ಕಟ್ಟಿ ಕಟ್ಟಿ ಹೆಬ್ಬೆರಳ ಪಕ್ಕದಲ್ಲಿ ಜಡ್ಡುಗಟ್ಟಿತ್ತು. ಅದು ಕಹಳೆ ಹಿಡಿದು ಆದದ್ದು ಎಂದು ಅವಳು ಇಷ್ಟು ವರ್ಷ ತಿಳಿದಿದ್ದಳು.

ಮುಂದೆ ಮೇಯೊ ನಡೆಯುತ್ತಿದ್ದ. ಎಡಗಾಲಿನ ಜೋಡು ಕಟ್ಟಿತ್ತು. ಬಲಗಾಲಿನ ಲಾಡಿ ಕಲ್ಲುಹಾಸಿನ ಮೇಲೆ ಎಳೆದಾಡುತ್ತಿತ್ತು. ಅದನ್ನು ಕಟ್ಟಲು ಅವಳಿಗೆ ಹೊತ್ತೂ ಸಿಕ್ಕಿರಲಿಲ್ಲ, ಕೈಯೂ ಬಂದಿರಲಿಲ್ಲ. ಹಾಳೆ ಕುಪ್ಪಸದೊಳಗೆ ಚುಚ್ಚುತ್ತಿತ್ತು.

ಮೊದಲ ಜಾಗ ಉಪ್ಪಿನ ಪೇಟೆ. ಚಟ್ಟ ಇಳಿಸಿದರು. ಮೇಯೊ ಎಡಗೈಯಲ್ಲಿ ಕಹಳೆ ಎತ್ತಿ ಊದಿ, ಥೇಟ್ ಬಿಂದೊನ ರಾಗದಲ್ಲೇ ಕೂಗಿದ. "ಬಿಂದೊ ಸತ್ತ! ಸಾರುವವನು ಬಿಂದೊ ಸತ್ತ! ಇವನಿಂದ ಕೇಡುಂಡವರು ಯಾರಾದರೂ ಇದ್ದೀರಾ?"

ಆ ಪ್ರಶ್ನೆ ಆ ಬಾಯಿಂದ ಬಂದದ್ದು ಕೇಳಿ ತೆಸ್ಸಾ ಕುಪ್ಪಸದ ಮೇಲಿನಿಂದಲೇ ಹಾಳೆಯನ್ನು ಒತ್ತಿಹಿಡಿದಳು. ಎರಡನೆಯ ಸಲ. ಮೂರನೆಯ ಸಲ. ಪೇಟೆಯವರು ತಲೆಯ ಬಟ್ಟೆ ತೆಗೆದು ಸುಮ್ಮನೆ ನಿಂತಿದ್ದರು.

"ಯಾರೂ ಇಲ್ಲ!" ಎಂದು ಕೂಗಿದ ಮೇಯೊ. ಅದನ್ನು ಕೂಗುವಾಗ ಅವನ ಮುಖದಲ್ಲಿ ಹೆಮ್ಮೆಯಿತ್ತು.

"ಇರೋಕೆ ಹೇಗೆ ಸಾಧ್ಯ?" ಎಂದ ಪುರಸಭೆಯ ಮುದಿ ಬರಹಗಾರ ಸೆರ್ ಲೊತ್ತೊ, ಫ್ರಾ ಆಂಬ್ರೋಜೊರ ಪಕ್ಕ ನಡೆಯುತ್ತ. "ಮೂವತ್ನಾಲ್ಕು ವರ್ಷ ಇವನ ಸಾರಿಕೆ ಬರೆದಿಟ್ಟಿದೀನಿ. ಒಂದೇ ಒಂದು ತಪ್ಪಿಸಿಲ್ಲ. ನನ್ನ ಪುಸ್ತಕವೇ ಸಾಕ್ಷಿ."

"ಪುಸ್ತಕದಲ್ಲಿರೋದು ಊರಿನ ಕಿವಿಯಲ್ಲೂ ಇರುತ್ತೆ ಅಂತ ಏನು ಖಾತ್ರಿ ಲೊತ್ತೊ?"

"ನೀವು ಪಾಠ ಹೇಳೋರು ಹಾಗೇ. ಬರೆದದ್ದು ಬರೆದದ್ದೇ. ಅದಿಲ್ಲದಿದ್ರೆ ಊರು ನಡೆಯುತ್ತಾ ಸ್ವಾಮಿ?"

ಮುದುಕ ಸನ್ಯಾಸಿ ಲೊತ್ತೊನಿಂದ ಹಿಂದೆ ಸರಿದರು. ತಡಕಾಡಿ ತೆಸ್ಸಾಳ ಭುಜ ಹಿಡಿದುಕೊಂಡರು. "ನಾನು ಪುಸ್ತಕದಲ್ಲಿದ್ದದ್ದನ್ನ ಓದಿ ಹೇಳ್ದೆ, ಅಷ್ಟೇ," ಎಂದು ಅವಳಿಗೆ ಮಾತ್ರ ಕೇಳುವಂತೆ ಹೇಳಿದರು. "ನಲವತ್ತು ವರ್ಷದಲ್ಲಿ ಎಷ್ಟೋ ಜನ ಪಾಠ ಕೇಳಿದ್ರು. ಬಿಷಪ್ಪರಾದ್ರು, ರಾಜರಿಗೆ ಬುದ್ಧಿ ಹೇಳೋಕೆ ಹೋದ್ರು. ಕೇಳಿದ್ದನ್ನ ಹಾಗೇ ನಡೆಸೋಕೆ ಹೊರಟವನು ಇವನೊಬ್ಬ. ಕಿಟಕಿ ಹೊರಗೆ ಕೂತವನು."

ಎರಡನೆಯದು ಬಾವಿಕಟ್ಟೆ. ಆ ಕಿಟಕಿ ಇವತ್ತೂ ತೆರೆದಿತ್ತು. ಮೇಯೊ ಮೂರು ಸಲ ಕೇಳಿದ. ನೀರು ಸೇದುತ್ತಿದ್ದ ಹೆಂಗಸರು ಕೊಡ ಕೆಳಗಿಟ್ಟು ಎದೆಯ ಮೇಲೆ ಶಿಲುಬೆಯ ಗುರುತು ಹಾಕಿಕೊಂಡರು. ಯಾರೂ ಇಲ್ಲ.

"ಲಾಡಿ ಬಿಚ್ಚಿದೆ ನೋಡ್ಕೊಳ್ಳೋ ಮೇಯೊ," ಎಂದಳು ಲಾಪಾ ಅಜ್ಜಿ.

"ಕಟ್ಟೋನು ಮಲಗಿದಾನಲ್ಲ ಅಜ್ಜಿ," ಎಂದು ಮೇಯೊ ಚಟ್ಟದ ಕಡೆಗೆ ಗದ್ದ ತೋರಿಸಿದ. ಈ ಸಲ ಅವನಿಗೆ ನಗು ಬಂತು, ಜೊತೆಗೇ ಅಳುವೂ ಬಂತು.

\*

ಮೇಯೊನ ಕೈ ಹೋದ ವರ್ಷ ತೆಸ್ಸಾ ಮೂರು ವರ್ಷದ ಮಗು. ಊರಿನ ಎರಡು ಬಣ ಬಡಿದಾಡಿ, ಸೋತವರ ಗಂಡಸರನ್ನೆಲ್ಲ ಗಡೀಪಾರು ಮಾಡಿದ್ದರು. ಅವರ ಹೆಂಡಿರು ಮಕ್ಕಳು ಇವತ್ತಲ್ಲ ನಾಳೆ ಹೊರಡುತ್ತೇವೆಂದು ಅವರಿವರ ಮನೆಯ ಕೊಟ್ಟಿಗೆಯಲ್ಲಿ ಅಡಗಿದ್ದರು. ಊರವರ ಜಗಳಕ್ಕೆ ಊರವರೇ ತೀರ್ಪು ಹೇಳಬಾರದೆಂದು ಹೊರಗಿನಿಂದ ವರ್ಷಕ್ಕೊಬ್ಬ ಅಧಿಕಾರಿಯನ್ನು ಕರೆಸುವುದು ವಾಡಿಕೆ. ಅವನನ್ನು ಪೊದೆಸ್ತಾ ಎನ್ನುತ್ತಿದ್ದರು. ಆ ವರ್ಷದ ಪೊದೆಸ್ತಾ ಕೈ ಕಡಿಯುವ ಕಟ್ಟಳೆ ಮಾಡಿದ.

ಲೊತ್ತೊ ಅದನ್ನು ಎರಡು ಸಲ ಓದಿ ಹೇಳಿದಾಗ ಬಿಂದೊ ಮನಸ್ಸಿನಲ್ಲೇ ಮಂಚದ ಕಾಲು ಎಣಿಸಿದ. ಬುದ್ಧಿಗೆ ಒಪ್ಪುವುದಿಲ್ಲ. ಎಲ್ಲರ ಒಳಿತಿಗಲ್ಲ. ಎರಡು ಕಾಲು ಆಗಲೇ ಮುರಿದಿವೆ. ನಾಲ್ಕನೆಯದು ತನ್ನ ಬಾಯಲ್ಲಿದೆ. ಅದನ್ನು ತಾನು ಕೊಡದಿದ್ದರೆ ಮಂಚ ಬಿದ್ದೇಹೋಗುತ್ತದೆ. ಅವನು ಕಹಳೆ ತೆಗೆದುಕೊಂಡು ನಾಲ್ಕೂ ಜಾಗಕ್ಕೆ ಹೋದ, ನಾಲ್ಕೂ ಕಡೆ ಊದಿದ, ಹಂದಿಗಳನ್ನು ಬೀದಿಗೆ ಬಿಡಬಾರದು ಎಂಬ ಅಜ್ಜನ ಕಾಲದ ಕಟ್ಟಳೆಯನ್ನು ಗಟ್ಟಿಯಾಗಿ ಸಾರಿದ. ಕೊಯ್ಲಿನ ದಿನ, ಊರಲ್ಲಿದ್ದವರೇ ಕಡಿಮೆ. ಇದ್ದವರು ಆಕಳಿಸಿದರು. ವಾಪಸು ಬಂದು, "ಸಾರಿದೆ, ದೊಡ್ಡ ದನಿಯಲ್ಲಿ, ವಾಡಿಕೆಯ ನಾಲ್ಕೂ ಜಾಗದಲ್ಲಿ," ಎಂದ. ಲೊತ್ತೊ ಬರೆದುಕೊಂಡ. ಆ ದಿನ ಮನೆಗೆ ಹೋಗುವಾಗ ಬಿಂದೊ ಸಿಳ್ಳೆ ಹಾಕುತ್ತಿದ್ದ.

ಆರು ದಿನ ಯಾರೂ ಹೆದರಲಿಲ್ಲ. ಹೆದರಬೇಕೆಂದು ಯಾರಿಗೂ ಗೊತ್ತಿರಲಿಲ್ಲ. ರೊಟ್ಟಿ ಕೊಟ್ಟರು, ಕತ್ತೆ ಕೊಟ್ಟರು. ಹನ್ನೊಂದು ಮಕ್ಕಳು ತಾಯಂದಿರ ಜೊತೆ ಕಣಿವೆ ದಾಟಿದವು. ಏಳನೆಯ ದಿನ ಪೊದೆಸ್ತಾನ ಆಳುಗಳು ಕಲ್ಲುಕುಟಿಗ ಮೇಯೊನ ಒಲೆಯ ಪಕ್ಕದಲ್ಲಿ ಗಡೀಪಾರಾದವನೊಬ್ಬನ ಬಾಣಂತಿ ಹೆಂಡತಿಯನ್ನು ಕಂಡರು.

"ನನಗೆ ಗೊತ್ತಿರ್ಲಿಲ್ಲ," ಎಂದ ಮೇಯೊ ನ್ಯಾಯಸಭೆಯಲ್ಲಿ. "ನಾನು ಕೇಳಿಸ್ಕೊಂಡೇ ಇಲ್ಲ."

"ಸಿಕ್ಕಿಬಿದ್ದವರೆಲ್ಲ ಕಿವುಡರೇ," ಎಂದು ನಕ್ಕ ಪೊದೆಸ್ತಾ. ಲೊತ್ತೊ ಪುಸ್ತಕ ತೆರೆದ. ಆಮೇಲೆ ಬಿಂದೊನನ್ನು ಕರೆದು, ಸುವಾರ್ತೆಯ ಮೇಲೆ ಕೈ ಇಡಿಸಿ, ಸಾರಿದ್ದು ಹೌದೋ ಅಲ್ಲವೋ ಎಂದು ಕೇಳಿದರು.

ಸುಳ್ಳು ಸಾರಿದವನ ನಾಲಿಗೆ ಕೀಳುವುದು ಆ ಊರಿನ ಹಳೆಯ ಕಟ್ಟಳೆ. ಅದನ್ನು ವರ್ಷಕ್ಕೊಮ್ಮೆ ಬಿಂದೊನೇ ಸಾರುತ್ತಿದ್ದ. ಅವನಿಗೆ ಮನೆಯಲ್ಲಿ ಮೂರು ವರ್ಷದ ಮಗಳಿದ್ದಳು. ಆಂಬ್ರೋಜೊರ ಪಾಠದ ಪ್ರಕಾರ ಮಂಚ ಬಿದ್ದುಹೋಗಿತ್ತು. ಆದರೆ ಪೊದೆಸ್ತಾ ಅದರ ಮೇಲೆ ಆರಾಮಾಗಿ ಕೂತಿದ್ದ.

"ಸಾರಿದೆ," ಎಂದ ಬಿಂದೊ.

ಮೇಯೊ ತಿರುಗಿ ಅವನನ್ನು ನೋಡಿದ. ಹಾಗಾದರೆ ನಾನೇ ಎಲ್ಲೋ ಕಿವಿ ಕೊಡಲಿಲ್ಲವೇನೋ ಎಂಬಂತೆ ನೋಡಿದ.

ಮರುದಿನ ನ್ಯಾಯಸಭೆಯ ಮೆಟ್ಟಿಲ ಮುಂದಿನ ಕಲ್ಲಿನ ಮೇಲೆ ಅವನ ಕೈ ಹೋಯಿತು. ಅದಕ್ಕೆ ಮುಂಚೆ ಶಿಕ್ಷೆಯನ್ನು ಸಾರಬೇಕಾಗಿತ್ತು. ಬಿಂದೊ ಕಹಳೆಯೂದಿ ನಾಲ್ಕೂ ಜಾಗದಲ್ಲಿ ಸಾರಿದ. ಆ ಸಾರಿಕೆ ಊರಿಗೆಲ್ಲ ಕೇಳಿಸಿತು. ರಾತ್ರಿಯೊಳಗೆ ಅಡಗಿದ್ದವರಿಗೆ ಎಲ್ಲ ಬಾಗಿಲೂ ಮುಚ್ಚಿದವು.

\*

ಮೂರನೆಯ ಜಾಗ ಕೆಳಹೆಬ್ಬಾಗಿಲು. ಮೇಯೊ ಅಲ್ಲಿಯೂ ಕೂಗಿದ, ಅಲ್ಲಿಯೂ ಯಾರೂ ಇರಲಿಲ್ಲ. ಚಟ್ಟ ಎತ್ತುವ ಗಡಿಬಿಡಿಯಲ್ಲಿ ತೆಸ್ಸಾ ಗಂಡ ನೂತೊನ ತೋಳು ಹಿಡಿದೆಳೆದು, ಇದ್ದದ್ದನ್ನು ನಾಲ್ಕು ಮಾತಿನಲ್ಲಿ ಹೇಳಿದಳು. ನೂತೊ ಜೋಡು ಹೊಲಿಯುವವನು. ಮಾವ ಬಿಂದೊನ ಕಹಳೆ ತನಗೆ ಬರುತ್ತದೆಂದು ಆಸೆ ಇಟ್ಟುಕೊಂಡಿದ್ದ. ಅವನ ಮುಖ ಸುಣ್ಣವಾಯಿತು.

"ನಿಂಗೇನು ತಲೆ ಕೆಟ್ಟಿದ್ಯಾ? ಆ ಹಾಳೆ ಒಲೆಗೆ ಹಾಕು."

"ಅಪ್ಪ ಸಾರು ಅಂದಿದಾನೆ."

"ಅಪ್ಪ ಬದುಕಿದ್ದಾಗ ಹತ್ತೊಂಬತ್ತು ವರ್ಷ ಬಾಯಿ ಇರ್ಲಿಲ್ವಾ? ಸತ್ತ ಮೇಲೆ ನಿನ್ನ ಬಾಯಿ ಬೇಕಾಯ್ತಾ? ಯೋಚನೆ ಮಾಡೇ. ಎಲ್ಲರೂ ಅವನಿಗೆ ಟೊಪ್ಪಿಗೆ ತೆಗೀತಿದಾರೆ. ಇನ್ನೊಂದು ಜಾಗ ದಾಟಿದ್ರೆ ಮುಗೀತು, ಚರ್ಚಿನ ಮಣ್ಣಲ್ಲಿ ನೆಮ್ಮದಿಯಾಗಿ ಮಲಗ್ತಾನೆ. ಮೇಯೊನೂ ನೆಮ್ಮದಿಯಾಗಿರ್ತಾನೆ. ಅವನಿಗಿರೋದು ನಿಮ್ಮಪ್ಪನ ನೆನಪೊಂದೇ. ಅದನ್ನೂ ಕಿತ್ಕೊಳ್ತೀಯಾ?"

ನೂತೊ ಕೆಟ್ಟವನಲ್ಲ, ಹೇಳಿದ್ದರಲ್ಲಿ ಸುಳ್ಳೂ ಇರಲಿಲ್ಲ. ತೆಸ್ಸಾಗೆ ಹಾಳೆಯನ್ನು ಹರಿದು ಬಾಯಿಗೆ ಹಾಕಿ ನುಂಗಬೇಕೆನಿಸಿತು. ಅಪ್ಪನ ಮೇಲೆ ಎಂದೂ ಬಾರದಂಥ ಸಿಟ್ಟು ಬಂತು. ಮೇಯೊನ ಹೆಗಲ ಮೇಲೆ ಕೂತು ಅವಳು ಸಂತೆ ನೋಡಿದ್ದಳು. ಅವಳು ಬೀಳದ ಹಾಗೆ ಅವನು ಒಂದೇ ಕೈಯಲ್ಲಿ ಎರಡೂ ಕಾಲನ್ನು ಒತ್ತಿ ಹಿಡಿಯುತ್ತಿದ್ದ. ಅಪ್ಪ ಪಕ್ಕದಲ್ಲೇ ನಡೆಯುತ್ತಿದ್ದ. ಅದನ್ನು ನೋಡುತ್ತ ನಡೆಯುತ್ತಿದ್ದ.

ನಾಲ್ಕನೆಯದು ನ್ಯಾಯಸಭೆಯ ಮೆಟ್ಟಿಲು. ಚರ್ಚಿನ ಬಾಗಿಲು ಅಲ್ಲಿಂದ ನಲವತ್ತು ಹೆಜ್ಜೆ. ಗೋರಿ ತೋಡಿ ಮಣ್ಣು ಗುಡ್ಡೆ ಹಾಕಿದ್ದು ಕಾಣುತ್ತಿತ್ತು. ಹೊತ್ತು ನೆತ್ತಿಗೇರಿತ್ತು. ಚಟ್ಟವನ್ನು ಆ ಕಲ್ಲಿನ ಪಕ್ಕದಲ್ಲೇ ಇಳಿಸಿದರು. ಬೇರೆ ಜಾಗವಿರಲಿಲ್ಲ. ಮೇಯೊ ಆ ಕಲ್ಲಿನ ಕಡೆ ನೋಡದೆ ನಿಲ್ಲುವುದನ್ನು ಕಲಿತು ಎಷ್ಟೋ ವರ್ಷವಾಗಿತ್ತು. ಹಾಗೆಯೇ ನಿಂತು ಕಹಳೆಯನ್ನು ತುಟಿಗೆ ತಂದ.

"ಮಾವ, ತಡಿ," ಎಂದಳು ತೆಸ್ಸಾ. "ಇಲ್ಲಿ ಮೊದಲು ನಾನು ಸಾರಬೇಕು."

"ಹೆಂಗಸರು ಸಾರೋದುಂಟೇ?" ಎಂದ ಸೆರ್ ಲೊತ್ತೊ.

"ಅಪ್ಪ ಹೇಳಿದ್ದು. ತಡೆಯೋರು ಅವನನ್ನೇ ಕೇಳಿ."

ಅವಳು ಮೆಟ್ಟಿಲು ಹತ್ತಿದಳು. ಹಾಳೆ ತೆಗೆಯಲಿಲ್ಲ. ಅವಳಿಗೂ ಓದು ಬರುತ್ತಿರಲಿಲ್ಲ, ಅವಳಿಗೂ ಎರಡು ಸಲ ಕೇಳಿದರೆ ಸಾಕಾಗಿತ್ತು. "ಕೇಳಿರಿ!" ಎಂದು ಕೂಗಿದಳು. ದನಿ ಒಡೆಯಿತು. ಮತ್ತೆ ಕೂಗಿದಳು. ಗಡೀಪಾರಾದವರ ಹೆಂಡಿರು ಮಕ್ಕಳಿಗೆ ರೊಟ್ಟಿಯನ್ನಾಗಲಿ ಬೆಂಕಿಯನ್ನಾಗಲಿ ಎಂದು ಶುರುವಾದಾಗ ಮುದುಕರು ಮುಖ ಮುಖ ನೋಡಿಕೊಂಡರು. ಇದು ಹಳೆಯದಲ್ಲವೇ ಎಂದು ಯಾರೋ ಅಂದರು. 'ನಾನು ಅದನ್ನು ಸಾರಲಿಲ್ಲ' ಎಂಬಲ್ಲಿಗೆ ಬಂದಾಗ ಹಿಂದಿದ್ದವರು ಮುಂದಕ್ಕೆ ಒತ್ತಿದರು. ತೆಸ್ಸಾ ಕೊನೆಯ ಮಾತಿನ ತನಕ ಒಂದೂ ಬಿಡದೆ ಸಾರಿದಳು. ಮೇಯೊನನ್ನು ಮಾತ್ರ ನೋಡಲಿಲ್ಲ.

ಲೊತ್ತೊನ ಬಾಯಿ ತೆರೆದದ್ದು ತೆರೆದಂತೆಯೇ ಇತ್ತು. "ನನ್ನ ಪುಸ್ತಕದಲ್ಲಿದೆ," ಎಂದ, ಯಾರಿಗೂ ಅಲ್ಲದೆ. "ನಾನೇ ಬರೆದಿದೀನಿ, ಸಾರಿದ್ದಾಗಿದೆ ಅಂತ."

"ಹಂದಿ," ಎಂದಳು ಇದ್ದಕ್ಕಿದ್ದಂತೆ ಲಾಪಾ ಅಜ್ಜಿ. ಅವಳ ಕೈಯಲ್ಲಿದ್ದ ಮೇಣದ ಬತ್ತಿ ನೆಲಕ್ಕೆ ಬಿತ್ತು. "ಅಯ್ಯೋ ದೇವ್ರೇ, ಅವತ್ತು ಹಂದಿ ಅಂತ ಕೂಗಿದ. ನಾನು ಬಾಗಿಲಲ್ಲೇ ನಿಂತಿದ್ದೆ. ಈ ಹಂದಿಗೆ ಇಷ್ಟು ಕಹಳೆ ಯಾಕೆ ಅಂತ ಬೈದಿದ್ದೆ."

ಫ್ರಾ ಆಂಬ್ರೋಜೊ ಮೇಯೊ ಇದ್ದ ಕಡೆ ಅಂದಾಜಿನ ಮೇಲೆ ತಿರುಗಿದರು. "ಮೇಯೊ, ಆ ಆರು ದಿನದಲ್ಲಿ ಹನ್ನೊಂದು ಮಕ್ಕಳು..."

"ಗೊತ್ತು ಸ್ವಾಮಿ," ಎಂದ ಮೇಯೊ. ದನಿ ಮೆತ್ತಗಿತ್ತು. "ಆ ಮಕ್ಕಳಿಗೆ ರೊಟ್ಟಿ ಕೊಟ್ಟವರಲ್ಲಿ ನಾನೂ ಒಬ್ಬ. ಅವನು ಒಂದು ಮಾತು ನನ್ನ ಕಿವೀಲಿ ಹೇಳಿದ್ರೆ ಆಗ್ತಿತ್ತು. 'ಮೇಯೊ, ಹೀಗಿದೆ ಕಟ್ಟಳೆ, ಆದ್ರೂ ಕೊಡ್ತೀಯಾ' ಅಂತ. ಕೊಡ್ತಿದ್ದೆ. ಗೊತ್ತಿದ್ದೇ ಕೊಡ್ತಿದ್ದೆ." ಅವನು ಬಲಗೈಯ ತೊಗಲಿನ ಕುಲಾವಿಯನ್ನು ನೋಡಿದ, ಇದು ಯಾರದು ಎಂಬಂತೆ. "ಕಿವಿ ಕೊಡಲಿಲ್ಲವೇನೋ ಅಂತ ಇಷ್ಟು ವರ್ಷ ನನ್ನನ್ನೇ ಬೈಕೊಂಡೆ. ಅವನ ಮುಂದೆ ಕೂತು ಬೈಕೊಂಡೆ. ಅವನು ಲಾಡಿ ಕಟ್ತಾ ಕೇಳ್ತಿದ್ದ."

ಹೊರುವವರು ಚಟ್ಟದ ಕೋಲಿನ ಬಳಿ ಬಗ್ಗಿದವರು ಬಗ್ಗಿದಂತೆಯೇ ಇದ್ದರು. ಮೇಯೊ ಕಹಳೆ ಎತ್ತಿದ. ಊದಿದ. ಉಪ್ಪಿನ ಪೇಟೆಯಲ್ಲಿ ಕೂಗಿದಷ್ಟೇ ಗಟ್ಟಿಯಾಗಿ ಕೂಗಿದ.

"ಬಿಂದೊ ಸತ್ತ! ಸಾರುವವನು ಬಿಂದೊ ಸತ್ತ! ಇವನಿಂದ ಕೇಡುಂಡವರು ಯಾರಾದರೂ ಇದ್ದೀರಾ?"

ಎರಡನೆಯ ಸಲ ಕೂಗಿದ. ಮೂರನೆಯ ಸಲ ಕೂಗಿದ. ಕಹಳೆಯನ್ನು ಆ ಕಲ್ಲಿನ ಮೇಲಿಟ್ಟ.

"ನಾನು," ಎಂದ. ಅಂಗಳದಲ್ಲಿ ಮಾತಾಡುವ ದನಿಯಲ್ಲಿ ಅಂದ.

ನೂತೊ ಮುಖ ಮುಚ್ಚಿಕೊಂಡ. ತೆಸ್ಸಾ ಮೆಟ್ಟಿಲಿಳಿದು ಬಂದಳು. ಇನ್ನು ಅವನೊಬ್ಬನ ಬಾಯಿಂದ ಒಂದು ಮಾತು ಬಂದರೆ ಚರ್ಚಿನ ಮಣ್ಣು, ಬಾರದಿದ್ದರೆ ಸುಣ್ಣದ ಗೂಡು. ಮೇಯೊ ಚಟ್ಟದ ಹತ್ತಿರ ಹೋದ. ಬಿಂದೊನ ಮುಖವನ್ನು ಬಗ್ಗಿ ನೋಡಿದ. ಆಮೇಲೆ ಬಲಗಾಲನ್ನು ಎತ್ತಿ, ಕೆಸರು ಮೆತ್ತಿದ ಜೋಡನ್ನು, ಚಟ್ಟದ ಅಂಚಿನ ಮೇಲೆ, ಬಿಳಿ ನಿಲುವಂಗಿಯ ಮಂಡಿಗೆ ತಾಗಿಸಿ ಇಟ್ಟ.

"ಏಯ್!" ಎಂದು ಸೆರ್ ಲೊತ್ತೊ ಕೂಗಿದ. ಹೆಂಗಸರು ಚೀರಿದರು. ಹೊರುವವನೊಬ್ಬ ಮುನ್ನುಗ್ಗಿದ. ತೆಸ್ಸಾ ಅವನ ಎದೆಗೆ ಕೈ ಒಡ್ಡಿ ತಡೆದಳು. ಆ ಕಾಲು ದಿನಾ ಬೆಳಿಗ್ಗೆ ಆ ಮಂಡಿಯ ಮೇಲೆ ಹೀಗೇ ಇರುತ್ತಿದ್ದುದು ಅವಳಿಗೆ ಗೊತ್ತಿತ್ತು. ಅವಳು ಬಂದು ಮಂಡಿಯೂರಿ ಲಾಡಿಗೆ ಕೈ ಹಾಕಿದಳು.

"ನೀನಲ್ಲ ಮಗಳೇ," ಎಂದ ಮೇಯೊ. "ಅವನು ಕಟ್ಲಿ."

ತೆಸ್ಸಾ ಕೈ ತೆಗೆದಳು. ಬಿಚ್ಚಿದ ಲಾಡಿ ಜೋತುಬಿದ್ದು, ಜಪಮಣಿ ಸುತ್ತಿದ ಆ ಬೆರಳುಗಳ ಮೇಲೆ ಬಿದ್ದಿತ್ತು. ನೆರಳು ಚರ್ಚಿನ ಕಡೆಗೆ ನಿಧಾನಕ್ಕೆ ಉದ್ದವಾಗತೊಡಗಿತು. ಮೇಯೊ ಕಾಲು ತೆಗೆಯಲಿಲ್ಲ.